ಮೋಟರಿಗೆ ಹೂಂಗುಟ್ಟುವ ಅಪ್ಪ

ಮೂರನೇ ಪೀರಿಯಡ್ ಮುಗಿಸಿ ಸ್ಟಾಫ್ ರೂಮಿಗೆ ಬಂದರೆ ಮೊಬೈಲು ಹೊಡೆದುಕೊಳ್ಳುತ್ತಿತ್ತು. “ತ್ರೀ ಫೇಸ್ ವಿದ್ಯುತ್ ಬಂದಿದೆ. ಮೋಟರ್ ಚಾಲನೆಯಲ್ಲಿದೆ” ಎಂದಿತು ಒಂದು ಹೆಣ್ಣು ಧ್ವನಿ. ಗಾಬರಿಯಾಗಬೇಡಿ, ಇದು ಮಾದಿಹಳ್ಳಿಯ ನಮ್ಮ ತೋಟದ ಬೋರ್‌ವೆಲ್ಲು. ಸ್ಟಾರ್ಟರಿಗೆ ಸಿಮ್ ಹಾಕಿಸಿದ ಮೇಲೆ ಅದು ಅಪ್ಪನಿಗೆ ಫೋನ್ ಮಾಡುತ್ತದೆ. ಅಪ್ಪ ಎತ್ತದಿದ್ದರೆ ಅರಸೀಕೆರೆಯಲ್ಲಿ ಪಾಠ ಮಾಡುವ ನನಗೆ.

ಈ ಧ್ವನಿಯಿಂದ ಮಾನ ಹೋಗುತ್ತದೆಂದು ನಾನೊಮ್ಮೆ ಹೆದರಿದ್ದೆ.

ಎರಡು ವರ್ಷದ ಹಿಂದೆ ಮೈಸೂರಿನಿಂದ ಮೇಘನಾ ಎಂಬ ಕಲಾವಿದೆ ಬಂದರು. ಚಿತ್ರ ಬರೆಯುತ್ತಾರೆ, ಸಿನಿಮಾನೂ ಮಾಡುತ್ತಾರೆ. ಆದರೆ ಅವರ ಸಿನಿಮಾದಲ್ಲಿ ಕತೆಯಿಲ್ಲ, ಹಾಡಿಲ್ಲ. ಯಂತ್ರವೂ ಗಿಡಮರವೂ ಒಟ್ಟಿಗೆ ಹೇಗೆ ಬಾಳುತ್ತವೆ ಎಂಬುದು ಅವರ ಹುಡುಕಾಟ. ಹಳೇಬೀಡಿನಲ್ಲಿ ದೇವಸ್ಥಾನಕ್ಕೆ ಬೆನ್ನು ಹಾಕಿ, ಟ್ರಾನ್ಸ್‌ಫಾರ್ಮರಿಗೆ ಹಬ್ಬಿದ ಬಳ್ಳಿಯನ್ನು ಒಂದು ಗಂಟೆ ಚಿತ್ರೀಕರಿಸಿದರೆಂದರೆ ನೀವೇ ಊಹಿಸಿ. ಪರಿಚಯದವರು ಅವರನ್ನು ನಮ್ಮ ತೋಟಕ್ಕೂ ಕಳಿಸಿದರು. ನಮ್ಮ ವಂಶದ ಮೊದಲ ಬಿ.ಎಸ್ಸಿ. ನಾನು, ಸುಮ್ಮನಿರುತ್ತೇನೆಯೇ? ದ್ಯುತಿಸಂಶ್ಲೇಷಣೆಯಿಂದ ಅಂತರ್ಜಲದವರೆಗೆ ಕ್ಯಾಮೆರಾದ ಮುಂದೆ ನಲವತ್ತು ನಿಮಿಷ ಪಾಠ ಮಾಡಿದೆ. ಕ್ಯಾಮೆರಾ ಆನ್ ಆಗಿತ್ತೋ ಇಲ್ಲವೋ, ಈಗಲೂ ಅನುಮಾನ.

ಅಷ್ಟರಲ್ಲಿ ಅಪ್ಪನ ಫೋನು ಹೊಡೆದುಕೊಂಡಿತು. ಮೋಟರಿನ ಧ್ವನಿ ತನ್ನ ಮಾತು ಮುಗಿಸಿತು. ಅಪ್ಪ ಎಂದಿನಂತೆ, “ಆಯ್ತು ಕಣವ್ವ. ನೀನೂ ಉಣ್ಣೋಗು” ಅಂದ.

ಮೇಘನಾ ಆಗಲೇ ಕ್ಯಾಮೆರಾ ಅತ್ತ ತಿರುಗಿಸಿಬಿಟ್ಟಿದ್ದರು.

ಓದಿದವರು ಕೂತು ನೋಡುವ ಸಿನಿಮಾದಲ್ಲಿ ನಮ್ಮಪ್ಪ ಮೋಟರಿಗೆ ಊಟದ ಉಪಚಾರ ಹೇಳಿ ನಗೆಪಾಟಲಾದರೆ? ಆ ಭಾಗ ತೆಗೆದುಬಿಡಿ ಎಂದು ಮೇಘನಾರನ್ನು ಬದಿಗೆ ಕರೆದು ಬೇಡಿಕೊಂಡೆ. ಅಪ್ಪ ಬೇಡವೆಂದರೆ ಖಂಡಿತ ತೆಗೆಯುತ್ತೇನೆ, ಅವರನ್ನೇ ಕೇಳಿ ಎಂದರು.

ಅದು ರೆಕಾರ್ಡ್ ಮಾಡಿದ ಧ್ವನಿ, ಆ ಕಡೆ ಯಾರೂ ಇರುವುದಿಲ್ಲ, ಜನ ನಗುತ್ತಾರೆ ಎಂದು ಅಪ್ಪನಿಗೆ ತಿಳಿಸಿ ಹೇಳಿದೆ. ಎಳನೀರು ಕೆತ್ತುತ್ತಿದ್ದವನು ತಲೆಯೆತ್ತಲಿಲ್ಲ.

“ಯಾರೂ ಇಲ್ಲ ಅಂತ ನಂಗೂ ಗೊತ್ತು ಕಣವ್ವ. ಬೆಳಗ್ಗೆ ನಾನು ತೆಂಗಿನ ಸಸಿಗೆ ‘ಕುಡಿಯವ್ವ’ ಅಂದಾಗ ನೀನೇ ಭಾಳ ಚೆಂದಾಗೈತೆ ಅಂದೆ. ಅದೇನು ಕೇಳಿಸ್ಕೊಂತಾ? ಅದೇನು ಡಿಗ್ರಿ ಮಾಡೈತಾ? ಗಿಡಕ್ಕೊಂದು ಮಾತಾಡ್ಬೋದು, ಅದ್ಕೆ ನೀರು ತಂದ್ಕೊಡೋ ಮಿಷನ್ನಿಗೆ ಆಡಬಾರ್ದಾ?” ಕೆತ್ತಿದ ಎಳನೀರು ನನ್ನ ಕೈಗಿತ್ತ. “ಜನ ನಕ್ರೆ ನಗ್ಲಿ. ನಿಂಗೆ ನಾಚ್ಕೆ ಆಗೋದಾದ್ರೆ ತೆಗಿಸು.”

ಎಳನೀರು ಕುಡಿದೆ. ಆ ಭಾಗ ತೆಗೆಸಲಿಲ್ಲ.

ಹೋದ ತಿಂಗಳು ಬೇಲೂರಿನಲ್ಲಿ ಆ ಸಿನಿಮಾ ತೋರಿಸಿದರು, ಅಪ್ಪನೂ ನಾನೂ ಹೋಗಿದ್ದೆವು. ನನ್ನ ಪಾಠದ ಒಂದು ಅಕ್ಷರವೂ ಅದರಲ್ಲಿರಲಿಲ್ಲ. ಅಪ್ಪನ ಮಾತು ಬಂದಾಗ ಇಡೀ ಹಾಲ್ ನಕ್ಕಿತು, ಎಲ್ಲರಿಗಿಂತ ಜೋರಾಗಿ ಅಪ್ಪನೇ. ಪಕ್ಕದ ಹೆಂಗಸು ಕಣ್ಣೊರೆಸಿಕೊಳ್ಳುತ್ತಾ, “ಯಾರ್ರೀ ಆ ಯಜಮಾನ್ರು?” ಎಂದರು.

“ನಮ್ಮಪ್ಪ” ಎಂದೆ. ಅಷ್ಟು ಗಟ್ಟಿಯಾಗಿ ಹೇಳಬೇಕಾಗಿರಲಿಲ್ಲ. ಮುಂದಿನ ಎರಡು ಸಾಲು ತಿರುಗಿ ನೋಡಿತು.

ಇವತ್ತು ಫೋನ್ ಇಟ್ಟಾಗ, ಹೊಸದಾಗಿ ಬಂದ ಕನ್ನಡ ಮೇಡಂ ಯಾರದು ಎಂದು ವಿಚಾರಿಸಿದರು. ಮೊದಲಾಗಿದ್ದರೆ ಯಾವುದೋ ಕಂಪನಿ ಕಾಲ್ ಎಂದು ಹಾರಿಸುತ್ತಿದ್ದೆ. ಕುರ್ಚಿ ಎಳೆದುಕೊಂಡು, “ನಮ್ಮಪ್ಪನ ಮೋಟರು ಕಣ್ರೀ, ಕೂತ್ಕೊಳ್ಳಿ ಹೇಳ್ತೀನಿ” ಎಂದೆ. ನಾಲ್ಕನೇ ಪೀರಿಯಡ್ಡಿನ ಬೆಲ್ಲು ಇಬ್ಬರಿಗೂ ಕೇಳಿಸಲಿಲ್ಲ.