ವತ್ಸಲಾಬಾಯಿ ಕೊಡದ ಶಿಫಾರಸು

ಕಾಲಿನ ಎರಡು ಬೆರಳುಗಳನ್ನು ಕಳೆದುಕೊಂಡವಳು ಕಮಲಾಪುರದ ಕಾಶಮ್ಮ. ಸುಳ್ಳು ಶಿಫಾರಸನ್ನು ಮಾರಿದವರು ಏನನ್ನೂ ಕಳೆದುಕೊಳ್ಳಲಿಲ್ಲ, ಕೊಂಡವರೂ ಕಳೆದುಕೊಳ್ಳಲಿಲ್ಲ. ಇದನ್ನು ಮೊದಲು ಹೇಳದೆ ವತ್ಸಲಾಬಾಯಿಯವರ ಬಗ್ಗೆ ಬರೆದರೆ ಅದು ಅವರಿಗೇ ಒಪ್ಪಿಗೆಯಾಗುತ್ತಿರಲಿಲ್ಲ.

ವತ್ಸಲಾಬಾಯಿ ಕಲಬುರಗಿಯ ಶಹಾಬಜಾರಿನವರು. ಹೆಣ್ಣುಮಕ್ಕಳ ಪ್ರೌಢಶಾಲೆಯಲ್ಲಿ ಜೀವಶಾಸ್ತ್ರ ಕಲಿಸುತ್ತಿದ್ದರು. ಎಂಬತ್ತರ ದಶಕದಲ್ಲಿ ನಾನು ಅವರ ವಿದ್ಯಾರ್ಥಿನಿಯಾಗಿದ್ದೆ. ನಮ್ಮದು ಬೌದ್ಧರಾದ ದಲಿತ ಮನೆತನ. ಆ ಓಣಿಯ ಎಷ್ಟೋ ಅಡುಗೆಮನೆಗಳು ನಮಗೆ ಹೊಸ್ತಿಲಲ್ಲೇ ಮುಗಿಯುತ್ತಿದ್ದವು. ಅದು ಅನ್ಯಾಯ, ಬೇರೆ ಹೆಸರು ಅದಕ್ಕಿಲ್ಲ. ವತ್ಸಲಾಬಾಯಿ ಮಾತ್ರ ನನ್ನನ್ನು ತಮ್ಮ ಅಡುಗೆಕಟ್ಟೆಯ ಪಕ್ಕದಲ್ಲೇ ಕೂರಿಸಿಕೊಂಡು ಕಪ್ಪೆಯ ಹೃದಯದ ಚಿತ್ರ ಬಿಡಿಸುವುದನ್ನು ಕಲಿಸಿದರು. ಅವರ ಅತ್ತೆ ಗೊಣಗಿದಾಗ, "ಕಪ್ಪಿಗೇ ಅಡ್ಡಿ ಇಲ್ಲ, ನಿಮಗ್ಯಾಕ?" ಎಂದು ಸಾರಿಗೆ ಒಗ್ಗರಣೆ ಹಾಕಿದರು.

ತಾವು ಖುದ್ದಾಗಿ ಪರೀಕ್ಷಿಸದ ಯಾವುದನ್ನೂ ಅವರು ಇನ್ನೊಬ್ಬರಿಗೆ ಹೇಳುತ್ತಿರಲಿಲ್ಲ. ನೆಹರು ಗಂಜ್ ಮಾರುಕಟ್ಟೆಯ ಯಾವ ಅಂಗಡಿಯಲ್ಲಿ ತೊಗರಿಬೇಳೆ ಚೆನ್ನಾಗಿದೆಯೆಂದು ನೆರೆಯವರು ಕೇಳಿದರೆ ಒಂದಿಷ್ಟು ತಂದು, ಬೇಯಿಸಿ, ಉಂಡು, ಮರುದಿನ ಉತ್ತರಿಸುತ್ತಿದ್ದರು. ಯಾರೋ ಮಗಳಿಗೆ ವರ ನೋಡುತ್ತ, "ಆ ಹುಡುಗ ಹ್ಯಾಂಗ ರೀ, ಬಾಯಿ?" ಎಂದು ಕೇಳಿದ್ದಕ್ಕೆ, "ನಾ ಏನು ಅವನ ಜೋಡಿ ಲಗ್ನಾ ಮಾಡ್ಕೊಂಡು ನೋಡೀನೇನು, ಹೇಳಾಕ?" ಎಂದಿದ್ದರು. ಓಣಿ ವಾರಗಟ್ಟಲೆ ನಕ್ಕಿತು. ಆದರೆ ಯಾವ ವೈದ್ಯರ ಬಳಿ ಹೋಗಬೇಕೆಂದು ತಿಳಿಯದಾಗ ನಕ್ಕವರೂ ಅವರ ಬಾಗಿಲಿಗೇ ಬರುತ್ತಿದ್ದರು.

ನಿವೃತ್ತಿಯ ನಂತರ, ಹೊಸ ಶತಮಾನದ ಮೊದಲ ವರ್ಷಗಳಲ್ಲಿ, ಅವರಿಗೆ ಅಂತರಜಾಲದ ಗೀಳು ಹತ್ತಿತು. ಶರಣಬಸವೇಶ್ವರ ದೇವಸ್ಥಾನದ ಹತ್ತಿರ ಪ್ರಮೋದನೆಂಬ ಯುವಕ ಕಂಪ್ಯೂಟರ್ ಅಂಗಡಿ ಇಟ್ಟಿದ್ದ. ವತ್ಸಲಾಬಾಯಿ ಹೇಳಿದ್ದನ್ನೆಲ್ಲ ಅವನು ಒಂದು ಜಾಲಪುಟವಾಗಿ ಕಟ್ಟಿಕೊಟ್ಟ. ಯಾವ ಕಾಯಿಲೆಗೆ ಯಾವ ಆಸ್ಪತ್ರೆ, ಚೀಟಿ ಮಾಡಿಸುವ ಕಿಟಕಿ ಯಾವಾಗ ತೆರೆಯುತ್ತದೆ, ಯಾವ ಕಾಗದ ಒಯ್ಯಬೇಕು ಎಂಬ ವಿವರಗಳು ಅದರಲ್ಲಿದ್ದವು. ಕನ್ನಡ ಅಕ್ಷರ ಆಗ ಎಲ್ಲ ಕಂಪ್ಯೂಟರಿನಲ್ಲೂ ಮೂಡುತ್ತಿರಲಿಲ್ಲವಾದ್ದರಿಂದ ಪುಟ ಇಂಗ್ಲಿಷಿನಲ್ಲಿತ್ತು. ಕಾಲೇಜಿಗೆ ಹೋಗುವವರು ಓದಿ ಮನೆಯವರಿಗೆ ಹೇಳುತ್ತಿದ್ದರು.

ಪುಟವನ್ನು ಜನ ಹೇಗೆ ಹುಡುಕಿಕೊಳ್ಳುತ್ತಾರೆ ಎಂಬುದು ಅವರ ಮುಂದಿನ ಕುತೂಹಲ. ಒಂದು ಪುಟವು ಇನ್ನೊಂದನ್ನು ಬೊಟ್ಟು ಮಾಡಿ ತೋರಿಸಿದರೆ ಅದನ್ನು ಲಿಂಕ್ ಎನ್ನುತ್ತಾರೆ. ಹೆಚ್ಚು ಜನ ಬೊಟ್ಟು ಮಾಡಿದ ಪುಟವನ್ನು ಹುಡುಕುಯಂತ್ರ (ಸರ್ಚ್ ಎಂಜಿನ್) ಪಟ್ಟಿಯ ಮೇಲಕ್ಕೆ ತರುತ್ತದೆ ಎಂದು ಪ್ರಮೋದ ವಿವರಿಸಿದ. ವತ್ಸಲಾಬಾಯಿಗೆ ಇದು ತುಂಬ ಹಿಡಿಸಿತು. "ಅಂದ್ರ ಇದೂ ನಮ್ಮ ಓಣಿನೇ ಹೌದಲ್ಲೋ," ಎಂದರು. ಅಂದಿನಿಂದ ಅವರು ಬೇರೆ ಆರೋಗ್ಯ ಪುಟಗಳನ್ನು ಓದುತ್ತ ಕೂರುವರು. ಎಲ್ಲಿಯಾದರೂ ಆಸ್ಪತ್ರೆಯ ವೇಳೆ ತಪ್ಪಾಗಿದ್ದರೆ, ಸತ್ತುಹೋದ ಲಿಂಕ್ ಇದ್ದರೆ, ಆ ಪುಟದವರಿಗೆ ಬರೆದು ಸರಿಯಾದದ್ದನ್ನು ತಿಳಿಸುವರು. ನಮ್ಮ ಪುಟವನ್ನೂ ಓದಿ ನೋಡಿ, ಉಪಯುಕ್ತವೆನಿಸಿದರೆ ಮಾತ್ರ ತೋರಿಸಿ ಎಂದು ಕೊನೆಗೆ ಸೇರಿಸುವರು. ಹಲವರು ಓದಿದರು, ತೋರಿಸಿದರು. ಪುಟ ಮೆಲ್ಲಗೆ ಮೇಲೇರಿತು.

ಆಗ ಪ್ರಮೋದ ಒಂದು ಪ್ರಸ್ತಾಪ ತಂದ. ಸಕ್ಕರೆ ಕಾಯಿಲೆಯನ್ನು ಬೇರುಸಹಿತ ಕೀಳುತ್ತೇವೆಂದು ಹೇಳಿಕೊಳ್ಳುವ ಖಾಸಗಿ ಚಿಕಿತ್ಸಾಲಯವೊಂದು ನಗರದಲ್ಲಿ ಹೊಸದಾಗಿ ತೆರೆದಿತ್ತು.

"ಬಾಯಿ, ನೀವು ಅವರದೊಂದು ಲಿಂಕ್ ಹಾಕ್ರಿ. ಅವರು ನಿಮ್ದು ನಲವತ್ತು ಸೈಟಿನಾಗ ಹಾಕ್ತಾರ. ಪುಕ್ಕಟ."

"ಆ ನಲವತ್ತು ಯಾರವಪಾ?"

"ಎಲ್ಲಾ ಅವರವೇ ರೀ. ಹೆಸರಷ್ಟ ಬ್ಯಾರೆ."

"ಹಂಗಾದ್ರ ಒಬ್ಬನೇ ನಲವತ್ತು ಟೊಪಗಿ ಹಾಕ್ಕೊಂಡು ನಿಂತಾನ ಅನ್ನು."

ಆದರೂ ಅವರು ನೋಡದೆ ನಿರಾಕರಿಸಲಿಲ್ಲ. ಆ ಚಿಕಿತ್ಸಾಲಯಕ್ಕೆ ಹೋಗಿ ರೋಗಿಗಳ ನಡುವೆ ಅರ್ಧ ದಿನ ಕುಳಿತರು. ಒಂದು ಪುಡಿ ಕೊಟ್ಟು ಇನ್ಸುಲಿನ್ ಸೂಜಿ ನಿಲ್ಲಿಸಲು ಹೇಳುವುದನ್ನು ಕಿವಿಯಾರೆ ಕೇಳಿದರು. ಪುಡಿಯಲ್ಲಿ ಏನಿದೆ ಎಂದು ಕೇಳಿದ್ದಕ್ಕೆ ಅದು ಮನೆತನದ ಗುಟ್ಟೆಂಬ ಉತ್ತರ ಬಂತು. ಮರಳಿ ಬಂದು ಪ್ರಮೋದನಿಗೆ ಹೇಳಿದರು: "ಆ ಹೆಸರು ನನ್ನ ಪುಟದಾಗ ಬರಬಾರ್ದು."

ಅವನು ಆಯಿತೆಂದು ತಲೆಯಾಡಿಸಿದ.

ಕೆಲವು ತಿಂಗಳ ಮೇಲೆ ಮಹಿಳಾ ಸಂಘದ ಸಭೆಗೆಂದು ಕಮಲಾಪುರಕ್ಕೆ ಹೋದಾಗ ಅಂಗನವಾಡಿ ಸಹಾಯಕಿ ಕಾಶಮ್ಮನ ಕಾಲಿಗೆ ದಪ್ಪನೆಯ ಪಟ್ಟಿ ಕಟ್ಟಿದ್ದನ್ನು ಕಂಡೆ. ಸಕ್ಕರೆ ಕಾಯಿಲೆಯವಳು, ಆ ಚಿಕಿತ್ಸಾಲಯದವರ ಮಾತು ಕೇಳಿ ಸೂಜಿ ಬಿಟ್ಟು ಪುಡಿ ತಿಂದಿದ್ದಳು. ಕಾಲಿನ ಗಾಯ ಕೊಳೆತು, ಸರಕಾರಿ ಆಸ್ಪತ್ರೆಯಲ್ಲಿ ಎರಡು ಬೆರಳು ತೆಗೆದಿದ್ದರು. ಯಾರು ಆ ಚಿಕಿತ್ಸಾಲಯಕ್ಕೆ ಕಳಿಸಿದರೆಂದು ಕೇಳಿದೆ.

"ನಮ್ಮ ಅಕ್ಕನ ಮಗ ಕಂಪ್ಯೂಟರಿನಾಗ ನೋಡಿದ್ದ ರೀ. ಎಲ್ಲಾರಕಿಂತ ಮ್ಯಾಲ ಅದೇ ಇತ್ತಂತ. ನಾಕು ಮಂದಿ ಛಲೋ ಅಂದ ಮ್ಯಾಲೇ ಮ್ಯಾಲ ಬರ್ತದಲ್ರೀ?" ಎಂದಳು. ಅವಳ ನಂಬಿಕೆಯಲ್ಲಿ ತಪ್ಪಿರಲಿಲ್ಲ. ಆ ನಂಬಿಕೆಯನ್ನು ಕಚ್ಚಾ ಮಾಲಿನಂತೆ ಬಳಸಿಕೊಂಡವರಲ್ಲಿ ತಪ್ಪಿತ್ತು.

ಸುದ್ದಿ ಕೇಳಿದ ವತ್ಸಲಾಬಾಯಿ ಬೈಯಲಿಲ್ಲ. ಅದು ಮೇಲೆ ಬಂದದ್ದು ಹೇಗೆ ಎಂದು ತಿಳಿಯಬೇಕೆಂದರು. ಪ್ರಮೋದ ಊರಲ್ಲಿರಲಿಲ್ಲ, ಬೇರೊಂದು ಅಂಗಡಿಯಲ್ಲಿ ನನ್ನನ್ನು ಪಕ್ಕಕ್ಕೆ ಕೂರಿಸಿಕೊಂಡು, ಆ ಚಿಕಿತ್ಸಾಲಯವನ್ನು ಬೊಟ್ಟು ಮಾಡುವವರು ಯಾರು ಯಾರೆಂದು ಹುಡುಕುಯಂತ್ರವನ್ನೇ ಕೇಳಿದರು. ನಲವತ್ತು ಟೊಪ್ಪಿಗೆಗಳೂ ಸಾಲಾಗಿ ಬಂದವು. ಅವುಗಳ ನಡುವೆ ಅವರದೇ ಪುಟವಿತ್ತು.

ಪುಟ ತೆರೆದು ಮೇಲಿಂದ ಕೆಳಗೆ ಓದಿದೆವು. ಆ ಹೆಸರು ಎಲ್ಲಿಯೂ ಇಲ್ಲ. ಕೆಳಗೆ ಬರೀ ಖಾಲಿ ಬಿಳಿ ಜಾಗ. ವತ್ಸಲಾಬಾಯಿ ಕನ್ನಡಕ ಸರಿಪಡಿಸಿಕೊಂಡು, ಮೌಸ್ ಒತ್ತಿ ಹಿಡಿದು ಆ ಖಾಲಿ ಜಾಗದ ಮೇಲೆ ಎಳೆದರು. ಜಾಗವೆಲ್ಲ ನೀಲಿಯಾಯಿತು, ಅದರೊಳಗಿಂದ ಅಕ್ಷರಗಳು ಎದ್ದವು. ಬಿಳಿಯ ಮೇಲೆ ಬಿಳಿ ಬಣ್ಣದಲ್ಲಿ ಚಿಕಿತ್ಸಾಲಯದ ಹೆಸರು, ಲಿಂಕಿನ ಸಮೇತ, ಮತ್ತೆ ಮತ್ತೆ ಬರೆದಿತ್ತು. ಸೂಕ್ಷ್ಮದರ್ಶಕದ ಸ್ಲೈಡಿನಲ್ಲಿ ಹೊಸ ಜೀವಿಯನ್ನು ಕಂಡವರಂತೆ ಅವರು ಬಹಳ ಹೊತ್ತು ದಿಟ್ಟಿಸಿದರು. "ಎಷ್ಟ್ ಹುಷಾರ್ ಮಾಡ್ಯಾರ ನೋಡು," ಎಂದರು.

ಪ್ರಮೋದ ಊರಿಗೆ ಮರಳಿದ ದಿನ ನಾನೂ ಅವರೊಂದಿಗೆ ಅವನ ಅಂಗಡಿಗೆ ಹೋಗಿದ್ದೆ.

"ಅದು ಯಾರಿಗೂ ಕಾಣಂಗಿಲ್ಲ, ಬಾಯಿ. ಮಶೀನಿಗಷ್ಟ ಕಾಣ್ತದ. ಮನುಷ್ಯಾರಿಗೇನೂ ತ್ರಾಸಿಲ್ಲ."

"ಕಾಶಮ್ಮ ಮನುಷ್ಯಾಳ ಹೌದಲ್ಲೋ?"

"ಯಾವ ಕಾಶಮ್ಮ ರೀ?"

"ಅದೇ ನೋಡು. ನಿನಗ ಆಕಿ ಕಾಣಂಗಿಲ್ಲ."

ಚಿಕಿತ್ಸಾಲಯದವರಿಂದ ಹಣ ಪಡೆದು ಆ ಸಾಲುಗಳನ್ನು ಅಡಗಿಸಿದ್ದಾಗಿ ಅವನು ಒಪ್ಪಿಕೊಂಡು, ಅವನ್ನು ಅಳಿಸಿದ. ಅಷ್ಟರಲ್ಲಿ ಹುಡುಕುಯಂತ್ರವೂ ಮೋಸವನ್ನು ಕಂಡುಹಿಡಿದು, ಅಡಗಿಸಿಟ್ಟವರನ್ನು ಬಿಟ್ಟು, ಅಡಗುತಾಣವಾದ ಪುಟವನ್ನು ಶಿಕ್ಷಿಸಿತು. ವತ್ಸಲಾಬಾಯಿಯ ಪುಟ ಹುಡುಕಿದರೂ ಸಿಗದಂತಾಯಿತು. ಚಿಕಿತ್ಸಾಲಯ ಹೆಸರು ಬದಲಿಸಿ, ಹೊಸ ವಿಳಾಸದ ಪುಟ ತೆರೆದು, ಮತ್ತೆ ಮೇಲೇರಿತು. ಪರಿಶೀಲಿಸಿರೆಂದು ವತ್ಸಲಾಬಾಯಿ ಹುಡುಕುಯಂತ್ರದ ಕಂಪನಿಗೆ ಬರೆದ ಪತ್ರಗಳಿಗೆ ಉತ್ತರ ಬರಲಿಲ್ಲ.

ಒಂದು ಬೆಳಿಗ್ಗೆ ಇಬ್ಬರೂ ಬಸ್ಸು ಹತ್ತಿ ಕಮಲಾಪುರಕ್ಕೆ ಹೋದೆವು. ವತ್ಸಲಾಬಾಯಿ ನೆಲದ ಮೇಲೆ ಕಾಶಮ್ಮನ ಎದುರಿಗೇ ಕುಳಿತರು.

"ನಿನಗ ಆ ದವಾಖಾನಿ ತೋರಿಸಿದವರೊಳಗ ನನ್ನ ಹೆಸರೂ ಇತ್ತವಾ. ನಾ ಬರೆದಿದ್ದಿಲ್ಲ. ಆದ್ರ ಇತ್ತು."

ಕಾಶಮ್ಮ ಪಟ್ಟಿಯ ಅಂಚನ್ನು ಸರಿಪಡಿಸಿಕೊಂಡಳು. ಆಮೇಲೆ, "ಆಗಿದ್ದು ಆತು ಬಿಡ್ರಿ. ಈಗರೆ ಎಲ್ಲಿಗಿ ಹೋಗ್ಲಿ, ಹೇಳ್ರಿ," ಎಂದಳು.

"ನಾಳಿ ಕಲಬುರಗಿಗಿ ಬಾ. ದವಾಖಾನಿಗಿ ನಾನೂ ಬರ್ತೀನಿ."

ಮುಂದೆ ಅವರು ಪುಟ ನಡೆಸಲಿಲ್ಲ. ಕೇಳಿ ಬಂದವರ ಜೊತೆ ಆಸ್ಪತ್ರೆಗೆ ನಡೆದೇ ಹೋಗುತ್ತಿದ್ದರು. ನಾನು ಕೊನೆಯ ಸಲ ಅವರನ್ನು ಕಂಡಾಗ ಅವರೇ ರೋಗಿಯಾಗಿ ಹಾಸಿಗೆ ಹಿಡಿದಿದ್ದರು. ಆಡಿದ್ದು ಒಂದೇ ಮಾತು: "ಆ ಪುಡಿಯೊಳಗ ಏನಿತ್ತು ಅಂತ ಇನ್ನೂ ಗೊತ್ತಾಗಲಿಲ್ಲ ನೋಡು." ಆ ಮಳೆಗಾಲ ಮುಗಿಯುವ ಮೊದಲೇ ಅವರು ತೀರಿಕೊಂಡರು.

ಆದ್ದರಿಂದ ಚಿಕಿತ್ಸಾಲಯದ ಮಾಲೀಕರೇ, ಹೆಸರು ಎಷ್ಟು ಸಲ ಬದಲಿಸಿದ್ದರೂ ಈ ಮಾತು ನಿಮಗೇ. ಪರರ ಪುಟಗಳಲ್ಲಿ ಹಣ ಕೊಟ್ಟು ಅಡಗಿಸಿದ ಪ್ರತಿಯೊಂದು ಲಿಂಕನ್ನೂ ತೆಗೆಸಿರಿ, ಯಾವ ಯಾವ ಪುಟಗಳೆಂದು ಬಹಿರಂಗವಾಗಿ ಪ್ರಕಟಿಸಿರಿ. ಆ ಪುಡಿಯಲ್ಲಿ ಏನಿತ್ತೆಂದು ಎಲ್ಲರಿಗೂ ಕಾಣುವ ಕಪ್ಪು ಶಾಯಿಯಲ್ಲಿ ಬರೆದು, ಸಹಿ ಹಾಕಿ, ಕಮಲಾಪುರಕ್ಕೆ ನೀವೇ ಹೋಗಿ ಕಾಶಮ್ಮನ ಕೈಗೆ ಕೊಡಿರಿ.