ಲಂಡನ್ ಲಲಿತಮ್ಮನ ಪಾರ್ಟುಗಳು

ನಾನು ಒಬ್ಬ ನಟಿಯ ಅಭಿಮಾನಿ. ಆದರೆ ಆಕೆಯ ಹೆಸರು ನನಗೆ ಗೊತ್ತಿಲ್ಲ. ಕುವೈತಿನ ಸಾಲ್ಮಿಯಾದ ನಮ್ಮ ಫ್ಲ್ಯಾಟಿಗೆ ಬರುವ ಇಂಗ್ಲಿಷ್ ಚಾನೆಲ್ಲಿನವರು ಕಲಾವಿದರ ಹೆಸರು ಬರುವ ಹೊತ್ತಿಗೆ ಸರಿಯಾಗಿ ಜಾಹೀರಾತು ಹಾಕುತ್ತಾರೆ. ಬ್ರಿಟನ್ನಿನವಳು ಎಂಬುದಷ್ಟೇ ಖಾತ್ರಿ. ಹಾಗಾಗಿ ನಾನೇ ನಾಮಕರಣ ಮಾಡಿದ್ದೇನೆ: ಲಂಡನ್ ಲಲಿತಮ್ಮ.

ಲಲಿತಮ್ಮ ದೊಡ್ಡ ತಾರೆಯೇನಲ್ಲ. ಧಾರಾವಾಹಿಯಲ್ಲಿ ನರ್ಸು, ಪತ್ತೇದಾರಿ ಕಥೆಯಲ್ಲಿ ಪಕ್ಕದ ಮನೆಯವಳು, ಸಿನಿಮಾದಲ್ಲಿ ನಾಯಕನ ಅತ್ತೆ. ಮಧ್ಯಾಹ್ನದ ಮರುಪ್ರಸಾರಕ್ಕೆ ಹಿಂದುಮುಂದಿನ ಪರಿವೆಯಿಲ್ಲ. ಸೋಮವಾರ ಊರುಗೋಲು ಹಿಡಿದು ಸತ್ತವಳು ಮಂಗಳವಾರ ಇಪ್ಪತ್ತರ ಮದುಮಗಳಾಗಿ ಮೆಟ್ಟಿಲಿಳಿಯುತ್ತಾಳೆ. ಹೊರಗೆ ಧೂಳು ಕವಿದು ಸಮುದ್ರವೂ ಆಕಾಶವೂ ಒಂದೇ ಬಣ್ಣವಾದಾಗ, ಎಸಿಯ ಸದ್ದಿನಲ್ಲಿ ಅರೆನಿದ್ದೆಗೆ ಜಾರುತ್ತ, ನಮ್ಮ ವಯಸ್ಸೂ ಹೀಗೆ ಮರುಪ್ರಸಾರವಾಗಬಾರದೇ ಎಂದುಕೊಳ್ಳುತ್ತೇನೆ.

ಈ ಆಸೆಗೆ ಕಾರಣವಿದೆ. ನಮ್ಮ ಕನ್ನಡ ಕೂಟದ ವಾರ್ಷಿಕ ನಾಟಕಕ್ಕೆ ಹನ್ನೊಂದು ವರ್ಷ ನಾನೇ ನಾಯಕಿ. ಈ ಸಲವೂ ನಾನೇ ಎಂದು, ಯಾರೂ ಹೇಳುವ ಮೊದಲೇ, ನಾಯಕಿಯ ಮಾತುಗಳನ್ನೆಲ್ಲ ಬಾಯಿಪಾಠ ಮಾಡಿಬಿಟ್ಟಿದ್ದೆ. ಕೂಸು ಹುಟ್ಟುವ ಮುಂಚೆ ಕುಲಾವಿ! ಆಗ ನಿರ್ದೇಶಕರಾದ ಅಹ್ಮದಿ ಪಟ್ಟಣದ ಇಂಜಿನಿಯರ್ ರಾಯರ ಫೋನು ಬಂತು.

“ಮೇಡಂ, ಅಜ್ಜಿ ಪಾರ್ಟು ಖಾಲಿ ಇದೆ. ಶೆಟ್ರ ಹೆಂಡ್ತಿ ಇಕಾಮಾ ಖಲಾಸ್ ಮಾಡ್ಕೊಂಡು ಊರಿಗೇ ಹೋದ್ರಲ್ಲ. ನೀವೇ ಮಾಡ್ಬೇಕು.”

ಕುವೈತಿನಲ್ಲಿ ಪಾತ್ರ ಸಿಗುವುದೇ ಹೀಗೆ. ಯಾರೋ ಇಕಾಮಾ ಎಂಬ ವಾಸದ ಪರವಾನಗಿ ಮುಗಿಸಿ ಊರಿಗೆ ಹೊರಟರೆ ಇನ್ನೊಬ್ಬರಿಗೆ ಬಡ್ತಿ. ನನಗೆ ಬಂದದ್ದು ಬಡ್ತಿಯೋ ಹಿಂಬಡ್ತಿಯೋ ತಿಳಿಯಲಿಲ್ಲ. ಹಿಂದೆ ಕಂಪನಿ ನಾಟಕಗಳಲ್ಲಿ ಮೀಸೆ ಬೋಳಿಸಿಕೊಂಡ ಗಂಡಸರೇ ಹದಿನಾರರ ನಾಯಕಿಯರಾಗುತ್ತಿದ್ದರಂತೆ. ಅಂಥ ಔದಾರ್ಯ ನಮ್ಮ ಕೂಟಕ್ಕಿಲ್ಲ. ನನಗೆ ಅಳು ಬಂತು. ಮಗಳು, “ಅಮ್ಮಾ, ಇಟ್ಸ್ ಜಸ್ಟ್ ಎ ಪ್ಲೇ,” ಎಂದಳು. ಒಪ್ಪಲೋ ಬಿಡಲೋ ಎಂದು ವಾರವಿಡೀ ಒದ್ದಾಡಿದೆ.

ಆ ವಾರವೇ ಲಲಿತಮ್ಮ ಅಜ್ಜಿಯಾಗಿ ಬಂದಳು. ಒಂದೂ ಮಾತಿಲ್ಲ, ಅಡುಗೆಮನೆಯ ಮೂಲೆಯಲ್ಲಿ ಬಟಾಣಿ ಸುಲಿಯುತ್ತ ಕೂತಿದ್ದಳು. ಅವಳೆದುರೇ ನಾಯಕ ನಾಯಕಿ ಜಗಳವಾಡುತ್ತಿದ್ದರು. ನಾಯಕ ಒಂದು ಸುಳ್ಳು ಹೇಳಿದ. ಸುಲಿಯುವ ಬೆರಳು ಒಂದು ಗಳಿಗೆ ನಿಂತಿತು. ಆಮೇಲೆ ನಾನು ನೋಡಿದ್ದು ಆ ಬೆರಳುಗಳನ್ನೇ.

ಅಜ್ಜಿ ಪಾರ್ಟಿಗೆ ಒಪ್ಪಿಕೊಂಡೆ. ಶುಕ್ರವಾರ ರಾಯರ ಮನೆಯ ತಾಲೀಮಿಗೆ, ನಾನೂ ಸುಲಿಯುತ್ತ ಕೂರಲೆಂದು, ಒಂದು ಬಟ್ಟಲು ಬೆಳ್ಳುಳ್ಳಿ ಹಿಡಿದುಕೊಂಡು ಹೋದೆ. ಹೊಸ ನಾಯಕಿ, ಜಹ್ರಾದ ಕ್ಲಿನಿಕ್ಕಿನಲ್ಲಿ ನರ್ಸಾಗಿರುವ ಮಂಗಳೂರಿನ ಹುಡುಗಿ, ಮೂರನೇ ಮಾತಿಗೇ ತಡವರಿಸಿ ನಿಂತಳು. ಮುಂದಿನ ಸಾಲು ನನ್ನ ನಾಲಿಗೆಯ ತುದಿಯಲ್ಲಿತ್ತು. ಸುಮ್ಮನಿದ್ದರೆ ರಾಯರು ಮತ್ತೆ ನನ್ನ ಕಡೆ ತಿರುಗಿಯಾರು. ಸುಮ್ಮನಿರುವ ಮನಸ್ಸೂ ಆಯಿತು, ಸುಳ್ಳೇಕೆ ಹೇಳಲಿ? ಎರಡು ಎಸಳು ಸುಲಿದೆ. ಆಮೇಲೆ ತಲೆಯೆತ್ತದೆ ಆ ಸಾಲನ್ನು ಪಿಸುಗುಟ್ಟಿದೆ. ಅವಳು ಅದನ್ನು ಹಿಡಿದುಕೊಂಡು ಕೊನೆಯವರೆಗೂ ಹೋದಳು.

“ನೀವು ಇದ್ದ ಕಾರಣ ಬಚಾವಾದೆ ಮಾರಾಯ್ರೆ, ಥ್ಯಾಂಕ್ಸ್ ಅಕ್ಕಾ,” ಎಂದಳು. ಅಜ್ಜಿ ಎನ್ನಲಿಲ್ಲ, ಒಳ್ಳೆಯ ಹುಡುಗಿ.

ಮರುದಿನ ಮಧ್ಯಾಹ್ನ ಟಿವಿಯಲ್ಲಿ ಲಲಿತಮ್ಮ ಮತ್ತೆ ಇಪ್ಪತ್ತರವಳು. ಕನ್ನಡಿಯ ಮುಂದೆ ಕೂತು, ಬದುಕೇ ಮುಗಿಯಿತೆಂಬಂತೆ ಅಳುತ್ತಿದ್ದಳು. ಬೆಳ್ಳುಳ್ಳಿ ವಾಸನೆ ಇನ್ನೂ ಹೋಗದ ಕೈಯಲ್ಲಿ ರಿಮೋಟು ಹಿಡಿದು ಅವಳಿಗೆ ಹೇಳಿದೆ: “ಸುಮ್ನಿರಮ್ಮ, ನಿಂಗಿನ್ನೂ ಬಟಾಣಿ ಸುಲಿಯೋ ಪಾರ್ಟು ಬರೋದಿದೆ.”