ಅಳತೆಗೆ ತೆಗೆದ ದನಿ

ಅಮ್ಮ ಶ್ರೀರಾಂಪುರದ ಮಾರ್ಕೆಟ್ಟಿನಲ್ಲಿ ಮೂವತ್ತು ವರ್ಷದಿಂದ ತರಕಾರಿ ಮಾರುತ್ತಾಳೆ. ಬೆಂಡೆಕಾಯಿಯ ತುದಿ ಮುರಿಯಲು ಗಿರಾಕಿಗಳನ್ನು ಬಿಡುವುದಿಲ್ಲ, ತಾನೇ ಒಂದನ್ನು ಟಕ್ಕೆಂದು ಮುರಿದು, "ನೋಡ್ರಮ್ಮಾ, ಎಳೇದು!" ಎನ್ನುತ್ತಾಳೆ.

ನಾನು ಅನಿಮೇಷನ್ ಚಿತ್ರ ಬರೆಯುವವಳು. ತರಕಾರಿಯನ್ನು ಮನೆಗೆ ತಲುಪಿಸುವ ಕಂಪನಿಯೊಂದಕ್ಕೆ ಜಾಹೀರಾತು ವಿಡಿಯೋ ಮಾಡುವ ಕೆಲಸ ನನ್ನ ಗೆಳೆಯನಿಗೆ ಸಿಕ್ಕಿತು. ಕಾಲೇಜಿನಿಂದ ಜೊತೆಗಿದ್ದವನು, ಅಮ್ಮನ ಕೈಯಡುಗೆ ಉಂಡವನು. ಆ ವಿಡಿಯೋದಲ್ಲೊಬ್ಬಳು ತರಕಾರಿ ಅಜ್ಜಿ, ಅವಳ ಚಿತ್ರ ಬರೆಯುವುದು ನನ್ನ ಪಾಲಿಗೆ ಬಂತು. "ಅವಳಿಗೆ ಅಮ್ಮನ ದನೀನೇ ಬೇಕು ಕಣೇ," ಎಂದ. ಇಂಥ ಕಂಪನಿಗಳಿಂದಲೇ ಅಮ್ಮನ ವ್ಯಾಪಾರ ಸೊರಗಿತ್ತು. ಆದರೂ ಮಗಳ ಕೆಲಸ ಅಲ್ಲವೇ ಎಂದು ಒಪ್ಪಿದಳು.

ನಮ್ಮ ಕೆಲಸದಲ್ಲಿ, ಚಿತ್ರದ ಬಾಯಿ ಮಾತಿಗೆ ಹೊಂದಲಿ ಎಂದು ಮೊದಲು ಯಾರದ್ದೋ ದನಿಯನ್ನು ಬರೀ ಅಳತೆಗೆಂದು ರೆಕಾರ್ಡ್ ಮಾಡುವುದುಂಟು. ಆಮೇಲೆ ಅದನ್ನು ತೆಗೆದು ಅಸಲಿ ದನಿ ಹಾಕುತ್ತಾರೆ. "ಇದು ಅಳತೆಗಾ?" ಎಂದು ಅವನನ್ನು ಬಾಯಿಬಿಟ್ಟೇ ಕೇಳಿದ್ದೆ. "ಅಮ್ಮನಾಣೆ, ಇದೇ ಫೈನಲ್," ಎಂದಿದ್ದ.

ವೈಯಾಲಿಕಾವಲ್‌ನ ಅವನ ರೂಮಿನಲ್ಲಿ ಫ್ಯಾನ್ ಆಫ್ ಮಾಡಿ, ಕಿಟಕಿಗೆ ಕಂಬಳಿ ಕಟ್ಟಿ ಅಮ್ಮನನ್ನು ಕೂರಿಸಿದೆವು. ಮೈಕ್ ಕಂಡು ಅವಳ ಬಾಯಿ ಕಟ್ಟಿಹೋಯಿತು. ಕೈಗೆ ಬೆಂಡೆಕಾಯಿ ಕೊಟ್ಟೆ ನೋಡಿ, ಬಂತು ಮಾತು! ಬೆವರು ಒರೆಸಿಕೊಳ್ಳುತ್ತ, ಬೆಂಡೆಕಾಯಿ ಮುರಿಯುತ್ತ, ತನ್ನ ಅದೇ ಮಾತನ್ನು ಹದಿನೇಳು ಸಲ ಹೇಳಿದಳು. ಅಜ್ಜಿಯ ಬಾಯಿಯನ್ನು ನಾನು ಆ ಮಾತಿಗೆ ಸರಿಯಾಗಿ ಬರೆದೆ. ನಡುನಡುವೆ ಅಮ್ಮ ತುಟಿ ಒದ್ದೆ ಮಾಡಿಕೊಳ್ಳುವುದನ್ನೂ ಬಿಡಲಿಲ್ಲ. ಅಷ್ಟರಲ್ಲಿ ಅವಳು ಇಡೀ ಮಾರ್ಕೆಟ್ಟಿಗೆ ಡಂಗುರ ಸಾರಿಯಾಗಿತ್ತು.

ವಿಡಿಯೋ ಬಂದ ದಿನ ಹೂವಿನವಳು, ಸೊಪ್ಪಿನವಳು, ಗಿರಾಕಿಗಳು ಎಲ್ಲ ನನ್ನ ಮೊಬೈಲಿಗೆ ಮುಗಿಬಿದ್ದರು. ಅಜ್ಜಿ ಬಾಯಿ ತೆರೆದಳು. ಬಂದದ್ದು ಯಾರೋ ನಾಜೂಕು ಹೆಂಗಸಿನ ದನಿ.

"ನಿನ್ನ ದನಿ ಎಲ್ಲಿ ಅಕ್ಕಾ?" ಎಂದಳು ಹೂವಿನವಳು. ಅಮ್ಮ ನನ್ನ ಮುಖ ನೋಡಿದಳು.

ಅಲ್ಲಿಂದಲೇ ಅವನಿಗೆ ಫೋನ್ ಮಾಡಿದೆ. "ಬೇರೆಯವ್ರ ದನಿ ಮೊದ್ಲೇ ಫಿಕ್ಸ್ ಆಗಿತ್ತು ಕಣೇ. ಅಳತೆಗೆ ಅಂದಿದ್ರೆ ಅಮ್ಮ ಅಷ್ಟು ಮನಸ್ಸಿಟ್ಟು ಮಾತಾಡ್ತಿದ್ರಾ? ನೀನಾದ್ರೂ ಅಷ್ಟು ಚೆನ್ನಾಗಿ ಬರೀತಿದ್ಯಾ?" ಎಂದ.

ಥೂ ಇವನ! ನಂಬಿಸಿ ಕತ್ತು ಕೊಯ್ಯುವುದು ಅಂದರೆ ಇದೇ. ಅಮ್ಮನ ಆಣೆ ಹಾಕಿ ಅಮ್ಮನಿಗೇ ಮೋಸ ಮಾಡಿದ್ದ. ಬಾಯಿಗೆ ಬಂದಂತೆ ಬೈದು ಫೋನ್ ಇಟ್ಟೆ. ಇವತ್ತಿಗೂ ನನ್ನ ಸಿಟ್ಟು ಇಳಿದಿಲ್ಲ.

ಅಮ್ಮ ಮೊಬೈಲ್ ಈಸಿಕೊಂಡು, ವಿಡಿಯೋ ಮತ್ತೆ ಹಾಕಿಸಿ ಕಿವಿಗಿಟ್ಟುಕೊಂಡಳು. ಟಕ್ಕೆಂದು ಸದ್ದು ಬಂದ ಕೂಡಲೇ ಹೂವಿನವಳನ್ನು ಹತ್ತಿರ ಕರೆದಳು.

"ಇಲ್ಕೇಳು," ಎಂದಳು. "ಬೆಂಡೇಕಾಯಿ ಮುರಿದಿದ್ದು ನಾನೇ."